ಸಾಹೇಬರಿಗೆ ತೋರಿಸಿದ ಗುಡಿಸಲು

ಗಚ್ಚಿಬೌಲಿ
13 ಜುಲೈ 2006, ಗುರುವಾರ

ಪ್ರೀತಿಯ ಅವ್ವನಿಗೆ,

ನಿನ್ನ ಶಾಂಭವಿಯ ನಮಸ್ಕಾರ. ನಾನು ಕ್ಷೇಮ, ನೀವೂ ಕ್ಷೇಮವೆಂದು ನಂಬಿದ್ದೇನೆ ಎಂದು ಬರೆಯುವುದು ರೂಢಿ. ಈ ಸಲ ಆ ಸಾಲು ಬರೆಯಲು ಮನಸ್ಸಾಗುತ್ತಿಲ್ಲ. ಶನಿವಾರದಿಂದ ನನಗೆ ಊಟ ಸೇರುತ್ತಿಲ್ಲ. ಆಫೀಸಿನ ಕ್ಯಾಂಟೀನಿನಲ್ಲಿ ತಟ್ಟೆಯ ಮುಂದೆ ಕೂತರೆ ಒದ್ದೆ ಬೇವಿನಸೊಪ್ಪು ಕೊಳೆತ ವಾಸನೆ ಎಲ್ಲಿಂದಲೋ ಬಂದು ಮೂಗಿಗೆ ಹತ್ತುತ್ತದೆ. ಎದ್ದು ಹೋಗಿ ಕೈ ತೊಳೆದುಕೊಳ್ಳುತ್ತೇನೆ.

ಫೋನ್ ಮಾಡಬಹುದಿತ್ತು. ಮಾಡಿದರೆ ನೀನು ಅಳುತ್ತೀ, ನಾನು ಕೂಗಾಡುತ್ತೇನೆ, ಅಪ್ಪ ಫೋನ್ ಕಸಿದುಕೊಂಡು ಇಬ್ಬರಿಗೂ ತೆಲುಗಿನಲ್ಲಿ ಬುದ್ಧಿ ಹೇಳುತ್ತಾನೆ. ಅದಕ್ಕೇ ಈ ಕಾಗದ. ನಮ್ಮ ಮನೆಯಲ್ಲಿ ಕನ್ನಡ ಓದುವವರು ನಾವಿಬ್ಬರೇ ತಾನೇ. ಯಾದಗಿರಿಯ ಶಾಲೆಯಲ್ಲಿ ನೀನು ಕಲಿತ ಅಕ್ಷರಗಳನ್ನು ಒಲೆಯ ಮುಂದೆ ಬೂದಿಯಲ್ಲಿ ತಿದ್ದಿಸಿ ನನಗೆ ಕಲಿಸಿದೆ. ಅನ್ವಿತಾಳಿಗೆ ಕಲಿಸಲು ನಿನಗೆ ಪುರುಸೊತ್ತಾಗಲಿಲ್ಲ. ನಮ್ಮ ಓಣಿಯ ಹುಲಗೇಶಣ್ಣ ಈಗ ನಮ್ಮ ಆಫೀಸಿಗೇ ಕ್ಯಾಬ್ ಓಡಿಸುತ್ತಾನಲ್ಲ, ಅವನ ಕೈಯಲ್ಲಿ ಇದನ್ನು ಕಳಿಸುತ್ತಿದ್ದೇನೆ. ಬೇರೆ ಯಾರಿಗೂ ತೋರಿಸಬೇಡ.

ಮೊದಲು ತಂಗಿಯ ವಿಷಯ. ನಾನು ಇಲ್ಲಿಗೆ ಕರೆತಂದ ಮೇಲೆ ಅನ್ವಿತಾಳ ಜ್ವರ ಇಳಿದಿದೆ, ಕೆಮ್ಮು ಇನ್ನೂ ಇದೆ. ಎದೆಯಲ್ಲಿ ಕಫ ಕಟ್ಟಿದೆ, ಬೆಚ್ಚಗಿಡಿ ಅಂದರು ಡಾಕ್ಟರು. ಭಾನುವಾರದ ಹೊತ್ತಿಗೆ ಅವಳನ್ನು ವಾಪಸ್ ಕಳಿಸಬೇಕೆಂದು ಪಕ್ಕದ ಮನೆ ವನಜಾ ಚಿಕ್ಕಮ್ಮನ ಕೈಲಿ ಫೋನ್ ಮಾಡಿಸಿದ್ದೀ. ಯಾಕೆ ಅನ್ನುವುದನ್ನು ನೀನೇ ಹೇಳಲು ನಾಚಿಕೆಯಾಯಿತು ಅಂತ ಕಾಣುತ್ತದೆ. ಚಿಕ್ಕಮ್ಮ ಹೇಳಿದಳು. ನಮ್ಮನ್ನು ಬುಡಕಟ್ಟಿನ ಪಟ್ಟಿಗೆ ಸೇರಿಸಬಹುದೋ ಎಂದು ನೋಡಲು ಸರ್ಕಾರದಿಂದ ಬಂದಿದ್ದ ಗೋಪಿನಾಥ ಸಾಹೇಬರು ಬರೆದುಕೊಂಡು ಹೋದದ್ದು ನಿಜವೋ ಸುಳ್ಳೋ ನೋಡಲು ದೊಡ್ಡ ಅಧಿಕಾರಿಗಳು ಬರುತ್ತಾರಂತೆ. ಅನ್ವಿತಾ ಮತ್ತೊಮ್ಮೆ ಗುಡಿಸಲಲ್ಲಿ ಕೂರಬೇಕಂತೆ.

ಅವಳನ್ನು ನಾನು ಕಳಿಸುವುದಿಲ್ಲ.

ಶನಿವಾರ ನೀನು ಹಿತ್ತಲಲ್ಲಿದ್ದೆ. ನಾನು ಮೇಲೆ ವನಜಾ ಚಿಕ್ಕಮ್ಮನ ತಾರಸಿಯ ಮೇಲಿದ್ದೆ. ಅಲ್ಲಿಂದ ಅದೆಲ್ಲ ಹೇಗೆ ಕಂಡಿತು ಅನ್ನುವುದು ನಿನಗೆ ಗೊತ್ತಿಲ್ಲ, ಅದನ್ನೇ ಬರೆಯುತ್ತೇನೆ.

ಅನ್ವಿತಾ ದೊಡ್ಡವಳಾದ ಸುದ್ದಿಯನ್ನು ನನಗೆ ತಿಳಿಸಲೇ ಇಲ್ಲ ನೀವು. ಸುಮ್ಮನೆ ನೋಡಿಕೊಂಡು ಹೋಗೋಣವೆಂದು ಅವಳಿಗೊಂದು ಚೂಡಿದಾರ ಕೊಂಡುಕೊಂಡು ಸಿಕಂದರಾಬಾದಿನಲ್ಲಿ ಬಸ್ಸಿಳಿದು ಬಂದೆ. ಬಾಗಿಲಲ್ಲಿ ನಿನಗಿಂತ ಮೊದಲು ಅಮರಯ್ಯ ಮಾವ ಎದುರಾದರು. ನಮ್ಮ ಜನಾಂಗದ ಸಂಘದ ಅಧ್ಯಕ್ಷರೆಂದರೆ ನಮ್ಮ ಮನೆಯ ಬಾಗಿಲನ್ನೂ ಅವರೇ ಕಾಯಬೇಕೋ ಏನೋ. ನನ್ನನ್ನು ಮೇಲಿಂದ ಕೆಳಗೆ ನೋಡಿ, "ನೀ ಕಂಡ್ರ ಕೆಲಸ ಕೆಡ್ತೈತಿ ತಾಯಿ. ಪ್ಯಾಂಟ್ ಹಾಕ್ಕೊಂಡ ಮಗಳು ಮನ್ಯಾಗಿದ್ರ ನಮ್ಮನ್ನ ಬುಡಕಟ್ಟು ಅಂತ ಯಾರು ನಂಬ್ತಾರ?" ಅಂದರು. ನೀನು ಒಳಗಿಂದ ಬಂದು, ಅವರು ಹೇಳಿದ ಹಾಗೆ ಕೇಳು ಅಂದೆ. ನಾನು ಕೇಳಿದೆ. ನಾನು ಪ್ಯಾಂಟು ಹಾಕಿದ ತಪ್ಪಿಗೆ ಮುಚ್ಚಿಡಬೇಕಾದ ಸಾಮಾನಾದೆ ಎಂದು ಒಳಗೊಳಗೇ ನಗು ಬಂತು. ಮೇಲೆ ಹೋಗಿ ನೋಡಿದರೆ ನಮ್ಮ ಟೀವಿಯೂ ಮಿಕ್ಸಿಯೂ ತಿರುಪತಿ ತಿಮ್ಮಪ್ಪನ ಫೋಟೋವೂ ನನಗಿಂತ ಮೊದಲೇ ಚಿಕ್ಕಮ್ಮನ ಮನೆ ಸೇರಿದ್ದವು. ಫ್ರಿಜ್ ಹೊರಲಾಗದೆ ಅದಕ್ಕೆ ಸೀರೆ ಸುತ್ತಿ ದೇವರ ಗೂಡು ಮಾಡಿದ್ದಿರಿ. ಅಲ್ಲಿಯವರೆಗೂ ನನಗೆ ನಗುವೇ ಬರುತ್ತಿತ್ತು.

ತಾರಸಿಯಿಂದ ಬಗ್ಗಿ ನೋಡಿದಾಗ ನಗು ನಿಂತಿತು. ಹಿತ್ತಲಿನ ಗೋಡೆಗೆ ಒತ್ತಿ ಅಂಬಣ್ಣ ಮಾವ ಗುಡಿಸಲು ಕಟ್ಟಿದ್ದ. ಸೋದರಮಾವನೇ ಹಸಿ ಸೊಪ್ಪಿನಲ್ಲಿ ಕಟ್ಟಬೇಕು ಎಂಬ ಪದ್ಧತಿ ಕೂಡ ತಪ್ಪಿಸಿರಲಿಲ್ಲ. ಮಳೆಗೆಂದು ಅವನು ಮೇಲೆ ನೀಲಿ ತಾಡಪತ್ರಿ ಹೊದಿಸಿದ್ದನಂತೆ. ಅದು ಹಳೆಯ ಕಾಲದ್ದರ ಹಾಗೆ ಕಾಣುವುದಿಲ್ಲವೆಂದು ಅಮರಯ್ಯ ಮಾವ ತೆಗೆಸಿದರಂತೆ. ತಾಡಪತ್ರಿ ಮಡಚಿ ತಾರಸಿಯಲ್ಲಿ ನನ್ನ ಕಾಲ ಬಳಿಯೇ ಬಿದ್ದಿತ್ತು. ಕೆಳಗೆ ನನ್ನ ತಂಗಿಯ ಮೈಮೇಲೆ ಸೊಪ್ಪಿನ ನೀರು ತೊಟ್ಟಿಕ್ಕುತ್ತಿತ್ತು. ಐದನೇ ದಿನಕ್ಕೆ ನೀರು ಹಾಕಿ ಒಳಗೆ ಕರೆದುಕೊಳ್ಳುವುದು ನಮ್ಮವರ ಕ್ರಮ. ಗುರುವಾರ ಬರಬೇಕಾಗಿದ್ದ ಸಾಹೇಬರು ಶನಿವಾರ ಬರುತ್ತೇವೆ ಅಂದರು, ಆ ಮಗುವನ್ನು ಶನಿವಾರದ ತನಕ ಹಾಗೇ ಬಿಟ್ಟಿರಿ. ಯಾವ ದೇವರು, ಯಾವ ಪೂರ್ವಿಕರು ಹೇಳಿದ ಪದ್ಧತಿ ಅವ್ವ ಅದು? ಜೀಪು ಬರುವ ದಿನಕ್ಕೆ ಮೈಲಿಗೆಯನ್ನು ಮುಂದೂಡುವ ಪದ್ಧತಿ?

ಗೋಪಿನಾಥರು ಬಂದರು. ತಾರ್ನಾಕದಲ್ಲಿ ಮನೆಯಂತೆ, ಮೂಲ ಮೈಸೂರಂತೆ, ಜನಾಂಗಗಳ ಆಚಾರ ವಿಚಾರಗಳ ಬಗ್ಗೆ ಭಾರಿ ಓದಿಕೊಂಡವರಂತೆ. ನಿಜ ಹೇಳುತ್ತೇನೆ, ಒರಟು ಮನುಷ್ಯನೇನಲ್ಲ. ಚಪ್ಪಲಿ ಹೊರಗೆ ಬಿಟ್ಟರು, ನೀನು ಕೊಟ್ಟ ನೀರು ಕುಡಿದರು. ಅದೇ ನನಗೆ ಹೆಚ್ಚು ಹೇಸಿಗೆ ತಂದಿತು. ಅನ್ವಿತಾಳ ಎರಡು ಜಡೆ ಬಿಚ್ಚಿಸಿ ಕೂದಲು ಕೆದರಿಸಿದವರು ಅಮರಯ್ಯ ಮಾವ, ಆದರೆ ಬಾಗಿಲಿಗೆ ಬಾಮ್ಮ, ನಗಬೇಡ, ಅಂದವರು ಸಾಹೇಬರು. ಕ್ಲಿಕ್ ಕ್ಲಿಕ್ ಅಂತ ಫೋಟೋ ತೆಗೆದರು. ಊಟಕ್ಕೆ ಏನು ಕೊಡ್ತಾರೆ, ಯಾವುದರ ಮೇಲೆ ಮಲಗ್ತೀಯ, ಯಾರನ್ನು ಮುಟ್ಟಬಾರದು, ಒಂದೊಂದಾಗಿ ಕೇಳಿದರು. ಅವಳು ಹಲ್ಲು ಕಡಕಡ ಅನ್ನಿಸುತ್ತಾ ಉತ್ತರ ಕೊಡುತ್ತಿದ್ದಳು. ಚಳಿಯಾಗುತ್ತಿದೆಯಾ ಎಂದು ಮಾತ್ರ ಕೇಳಲಿಲ್ಲ. ಹೊರಡುವಾಗ, ಇಂಥ ಊರಿನ ನಡುವೆ ಇದನ್ನೆಲ್ಲ ಉಳಿಸಿಕೊಂಡಿದ್ದೀರಲ್ಲ ಎಂದು ನಿಮಗೆಲ್ಲ ಕೈ ಮುಗಿದರು. ಅವರ ಮನೆಯಲ್ಲೂ ಹೆಣ್ಣುಮಕ್ಕಳಿದ್ದಾರು, ಆ ಹೊತ್ತಿಗೆ ಶಾಲೆಯಲ್ಲಿದ್ದಾರು.

ನಮ್ಮ ಆಫೀಸಿನಲ್ಲಿ ವರ್ಷಕ್ಕೊಮ್ಮೆ ಎಲ್ಲರೂ ಅವರವರ ಸಂಪ್ರದಾಯದ ಉಡುಗೆ ಉಟ್ಟು ಬರಬೇಕು. ನನ್ನ ಪಕ್ಕದ ಸೀಟಿನ ಋಷಭ್ ಮಂಗಳೂರಿನ ಕಡೆಯವನು, ಪಂಚೆ ಉಟ್ಟು, ಮನೆಯಿಂದ ಹಲಸಿನ ಹಪ್ಪಳ ತಂದ. ಎಲ್ಲರೂ ಚಪ್ಪಾಳೆ ತಟ್ಟಿದರು. ಅವನು ಯಾರೆಂದು ನಂಬಿಸಲು ಅವನ ತಂಗಿಯನ್ನು ಯಾರೂ ಮಳೆಯಲ್ಲಿ ಕೂರಿಸಲಿಲ್ಲ. ಅವನ ಸಂಪ್ರದಾಯಕ್ಕೆ ಹಪ್ಪಳ ಸಾಕು. ನಮ್ಮದಕ್ಕೆ ಮಗಳ ನ್ಯುಮೋನಿಯ ಬೇಕು.

ನಮ್ಮನ್ನು ಬುಡಕಟ್ಟಿನ ಪಟ್ಟಿಗೆ ಸೇರಿಸಿದರೆ ನನಗೇನೂ ಬೇಸರವಿಲ್ಲ. ಅಜ್ಜ ಬೀಸುವ ಕಲ್ಲು ಹೊತ್ತು ಹಳ್ಳಿಗಳಿಗೆ ಹೋದರೆ ಚಪ್ಪಲಿ ಕೈಯಲ್ಲಿ ಹಿಡಿದುಕೊಳ್ಳಬೇಕಿತ್ತು ಎಂದು ನೀನೇ ಹೇಳಿದ್ದೀ. ಕಲ್ಲುಗಣಿಯ ಧೂಳು ಕುಡಿದು ದೊಡ್ಡಪ್ಪ ನಲವತ್ತಕ್ಕೇ ಸತ್ತ. ಸಾಹೇಬರು ಅದನ್ನು ಕೇಳಲಿಲ್ಲ, ಸಂಘದವರು ಹೇಳಲೂ ಇಲ್ಲ. ಬೇರೆಯವರು ನಮಗೆ ಮಾಡಿದ್ದು ಯಾರಿಗೂ ಬೇಡ. ನಾವು ನಮ್ಮ ಹೆಣ್ಣುಮಕ್ಕಳಿಗೆ ಮಾಡುವುದನ್ನು ತೋರಿಸಿದರೆ ಮಾತ್ರ ನಾವು ಯಾರೆಂದು ಅವರಿಗೆ ತಿಳಿಯುತ್ತದಂತೆ.

ಅವರೆಲ್ಲ ಹಾಳಾಗಿ ಹೋಗಲಿ. ನನಗೆ ಊಟ ಸೇರದೆ ಇರುವುದು ಅವರಿಂದಲ್ಲ.

ಸಾಹೇಬರು ಪೆನ್ನು ಹಿಡಿದುಕೊಂಡು ನಿನ್ನನ್ನು ಕೇಳಿದರು, "ನಿಮ್ಮ ದೊಡ್ಡ ಮಗಳನ್ನೂ ಹೀಗೇ ಕೂರಿಸಿದ್ರಾ?" ನಾನು ತಾರಸಿಯ ಕಟ್ಟೆ ಹಿಡಿದುಕೊಂಡೆ. ನೀನು ಸೆರಗು ಸರಿಮಾಡಿಕೊಂಡು, "ಹೂಂರಿ, ಆಕಿನ್ನೂ ಕುಂದರ್ಸಿದ್ವಿ" ಅಂದೆ.

ಅವ್ವ, ನೀನು ಕೂರಿಸಿರಲಿಲ್ಲ. ನನಗೆ ಹದಿಮೂರು ತುಂಬಿದ ವರ್ಷ ಇದೇ ಹಿತ್ತಲಲ್ಲಿ ಇದೇ ಅಂಬಣ್ಣ ಮಾವ ಗುಡಿಸಲಿಗೆ ಗಳ ನೆಟ್ಟಿದ್ದ. ಹುಸೇನಮ್ಮ ಅಜ್ಜಿ ನನ್ನ ಚಾಪೆಯನ್ನು ಹೊರಗೆ ಎಸೆದಿದ್ದಳು. ನೀನು ಆಗ ಅನ್ವಿತಾಳ ಬಸುರಿ. ಆ ದೊಡ್ಡ ಹೊಟ್ಟೆ ಹೊತ್ತುಕೊಂಡು ಹೋಗಿ ಒಂದೊಂದೇ ಗಳ ಅಲುಗಾಡಿಸಿ ಕಿತ್ತೆ. "ನಾ ಚಳ್ಯಾಗ ಕುಂತು ಸತ್ತು ಹುಟ್ಟೀನಿ, ನನ್ನ ಮಗಳು ಕುಂದರಂಗಿಲ್ಲ" ಅಂದೆ. ಆ ಗಳಗಳನ್ನೇ ಸೀಳಿ ಒಲೆಗಿಟ್ಟು ನೀರು ಕಾಯಿಸಿ, ಬಚ್ಚಲಲ್ಲಿ ನನ್ನನ್ನು ಕೂರಿಸಿ ತಲೆಗೆ ಎರೆದೆ. ಅಜ್ಜಿ ಸಾಯುವವರೆಗೂ ನಿನ್ನ ಕೈಯ ಅನ್ನ ಉಣ್ಣಲಿಲ್ಲ. ನೀನು ಅವಳ ಪಾಲಿನ ಹಿಟ್ಟನ್ನು ದಿನಾ ಚಿಕ್ಕಮ್ಮನಿಗೆ ಕೊಟ್ಟು ಅಲ್ಲಿ ರೊಟ್ಟಿ ಮಾಡಿಸಿ ಕಳಿಸುತ್ತಿದ್ದೆ. ನಾನು ಹಾಸ್ಟೆಲಿನಲ್ಲಿ, ಆಫೀಸಿನಲ್ಲಿ, ಎಲ್ಲಿ ತಲೆ ತಗ್ಗಿಸಬೇಕಾಗಿ ಬಂದರೂ ಆ ಬಿಸಿನೀರು ನೆನಪಿಗೆ ಬರುತ್ತಿತ್ತು. ನನ್ನ ಅವ್ವ ಎಂಥವಳು ಗೊತ್ತಾ ಎಂದು ಮನಸ್ಸಿನಲ್ಲೇ ಎಷ್ಟು ಜನಕ್ಕೆ ಹೇಳಿದ್ದೇನೋ. ಅಂಥದ್ದನ್ನು ನೀನು ಒಂದು ಹೂಂನಲ್ಲಿ ಅಳಿಸಿಬಿಟ್ಟೆ. ಈಗ ಅದು ಸರ್ಕಾರದ ಕಾಗದದಲ್ಲಿ ಇರುತ್ತದೆ, ಪಾರ್ವತೆಮ್ಮ ತನ್ನ ಇಬ್ಬರು ಹೆಣ್ಣುಮಕ್ಕಳನ್ನೂ ಗುಡಿಸಲಲ್ಲಿ ಕೂರಿಸಿದಳು ಅಂತ.

ಸಾಹೇಬರು ಹೋದ ಮೇಲೆ ನಾನು ಕೆಳಗೆ ಬಂದು ಜಗಳವಾಡಿದಾಗ ನೀನು ಹೇಳಿದ್ದು ನೆನಪಿದೆ. "ನಾಕು ದಿನ ಕುಂತ್ರ ಏನಾಕ್ಕೈತಿ? ಮುಂದ ಡಾಕ್ಟರಾಗಿ ಜಲ್ಮ ಪೂರ್ತಿ ಕುರ್ಚಿ ಮ್ಯಾಲ ಕುಂದರ್ತಾಳ." ನನ್ನ ಕಾಲೇಜಿನ ಸೀಟಿಗಾಗಿ ಅಪ್ಪ ವೆಲ್ಡಿಂಗ್ ಮಷಿನ್ ಮಾರಿದ, ನೀನು ಅಪಾರ್ಟ್‌ಮೆಂಟಿನ ಪಾತ್ರೆ ತಿಕ್ಕಿದೆ. ಮತ್ತೊಬ್ಬ ಮಗಳಿಗೆ ಮಾರಲು ಮನೆಯಲ್ಲಿ ಏನೂ ಉಳಿದಿಲ್ಲ ಅನ್ನುವುದು ನನಗೂ ಗೊತ್ತು. ಪಟ್ಟಿಗೆ ಸೇರಿದರೆ ಸಿಗುವ ಸೀಟನ್ನು ಬೇಡವೆನ್ನು ಎಂದು ನಿನಗೆ ಹೇಳುವ ಬಾಯಿ ನನಗಿಲ್ಲ. ಓದಿಸುವ ಭಾರ ನನ್ನ ಮೇಲೆ ಹಾಕು ಅಂತ ಹೇಳುತ್ತಿದ್ದೇನೆ. ಈ ಕಂಪನಿ ಇವತ್ತಿದೆ, ನಾಳೆಯ ಮಾತು ಬೇರೆ, ಆದರೂ ಹಾಕು. ಅವಳನ್ನು ಮಾತ್ರ ಇನ್ನೊಮ್ಮೆ ಆ ಸೊಪ್ಪಿನೊಳಗೆ ಕೂರಿಸಬೇಡ. ಮುಗಿದುಹೋದ ಮೈಲಿಗೆಯನ್ನು ಅಧಿಕಾರಿಗಳಿಗಾಗಿ ಮತ್ತೆ ಮೈಗೆ ಬಳಿಯುವುದೆಂದರೆ, ಛೀ, ಬರೆಯಲೂ ಅಸಹ್ಯವಾಗುತ್ತದೆ.

ಗಳಗಳು ಇನ್ನೂ ನೆಟ್ಟೇ ಇವೆಯಂತಲ್ಲ. ಭಾನುವಾರದೊಳಗೆ ಕೀಳು. ಕೀಳುವುದು ಹೇಗೆಂದು ನಮ್ಮ ಓಣಿಯಲ್ಲಿ ನಿನ್ನೊಬ್ಬಳಿಗೇ ಗೊತ್ತು.

ನೀನು ಕಾಯಿಸಿದ ನೀರಿನಲ್ಲಿ ಮಿಂದ ಮಗಳು,
ಶಾಂಭವಿ

ಮರೆತಿದ್ದಲ್ಲ, ಬರೆಯಬಾರದೆಂದು ಬಿಟ್ಟಿದ್ದು: ನೀನು ಸಾಹೇಬರಿಗೆ ಕೊಟ್ಟ ಉತ್ತರವನ್ನು ಅನ್ವಿತಾ ಗುಡಿಸಲೊಳಗಿಂದ ಕೇಳಿಸಿಕೊಂಡಿದ್ದಳಂತೆ. "ಅಕ್ಕನೂ ಕುಂತಿದ್ಲಲ್ಲ, ಅದಕ್ಕ ನಾನೂ ಅಳದಂಗ ಕುಂತೆ" ಅಂತ ನಿನ್ನೆ ಸಂಜೆ ಹೇಳಿದಳು. ನಿನ್ನ ಮೇಲೆ ಅವಳಿಗೆ ಸಿಟ್ಟಿರಬಾರದು, ಅವ್ವ ಎಂಥವಳೆಂದು ಗೊತ್ತಾಗಲಿ ಎಂದು ನಾನು ಗಳ ಕಿತ್ತ ಕಥೆಯನ್ನು ಪೂರ್ತಿ ಹೇಳಿಬಿಟ್ಟೆ. ಬಿಸಿನೀರಿನವರೆಗೂ ಕೇಳಿದಳು. ಆಮೇಲೆ ಗೋಡೆಯ ಕಡೆ ತಿರುಗಿ ಮಲಗಿ, "ಹಂಗಾರ ನನ್ನೊಬ್ಬಾಕಿನ್ನೇ ಕುಂದರ್ಸಿದ್ಲು" ಅಂದಳು. ಅವಳಿಗೆ ಏನು ಹೇಳಬೇಕೋ, ಭಾನುವಾರ ನೀನೇ ಇಲ್ಲಿಗೆ ಬಂದು ಹೇಳು.