ನಡುಗಡಲಲ್ಲಿ ಮಲಗಿಸಿದ ಹಡಗು

ನಾಗ್ವಾ, ಬಾಡಿಗೆ ಬೈಕು ಸ್ಟ್ಯಾಂಡಿನ ಪಕ್ಕ
ಅಕ್ಟೋಬರ್ ೧೪, ಮಂಗಳವಾರ, ಊಟದ ಹೊತ್ತು

ನನ್ನ ಮುದ್ದಿನ ಯಾನೀರಿಸ್,

ಈ ಕಾಗದ ಬರೆಯುತ್ತಿರುವ ನಿನ್ನ ಸೋದರಮಾವ ಅಟ್ಲಾಂಟಿಕ್ ಕಡಲು ಕಂಡ ನಾವಿಕರಲ್ಲೆಲ್ಲ ಮೊದಲನೆಯವನು ಎಂಬುದನ್ನು ಮನಸ್ಸಿನಲ್ಲಿಟ್ಟುಕೊಂಡು ಮುಂದೆ ಓದು. ಸಮನಾ ಕೊಲ್ಲಿ ದಾಟುವ ದೋಣಿಯಲ್ಲಿ ನಾನು ದಡ ಬಿಡುವ ಮೊದಲೇ ವಾಂತಿ ಮಾಡಿಕೊಂಡೆ ಎಂದು ನಿನ್ನ ಅಮ್ಮ ಊರೆಲ್ಲ ಹೇಳಿಕೊಂಡು ಬಂದಿದ್ದಾಳೆ. ನಂಬಬೇಡ. ಅವತ್ತು ತಿಂದ ಮೀನು ಸರಿ ಇರಲಿಲ್ಲ. ಅಕ್ಕಂದಿರಿಗೆ ತಮ್ಮಂದಿರ ದೊಡ್ಡತನ ಕಾಣುವುದಿಲ್ಲ, ಅಷ್ಟೆ.

ನಿನ್ನ ಆರೋಗ್ಯ ಹೇಗಿದೆ ಹೇಳು. ಕಾಲಿನ ಬಾವು ಇಳಿಯಿತೇ? ವೈದ್ಯೆ ಹೇಳಿದ ಹಾಗೆ ಎಡಮಗ್ಗುಲಿಗೇ ಮಲಗುತ್ತಿದ್ದೀಯಾ? ಸಂತ್ಯಾಗೊದ ನಿನ್ನ ಅತ್ತೆಮನೆಯಲ್ಲಿ ನಮ್ಮ ಬೀಗಿತ್ತಿ ದೋನ್ಯಾ ಮೆರ್ಸಿಯಾ ಬಾಳೆಕಾಯಿ ಬೇಯಿಸಿ ಹಿಸುಕಿ, ಉಪ್ಪನ್ನೇ ತೋರಿಸದೆ ತಟ್ಟೆಗೆ ಹಾಕುತ್ತಾರೆ ಎಂದು ಕೇಳಿ ಇಲ್ಲಿ ಕೂತ ನನ್ನ ನಾಲಿಗೆಯೂ ಸಪ್ಪಗಾಯಿತು. ಸಹಿಸಿಕೋ ತಾಯಿ. ಆಕೆ ನಿನ್ನ ಫೋನು ಕಿತ್ತಿಟ್ಟುಕೊಂಡದ್ದೂ ಸರಿಯೇ. ನಾನು ಕಳಿಸುತ್ತಿದ್ದ ದನಿ ಸಂದೇಶ ಕೇಳಿದರೆ ಮಲಗಿದ ಬಸುರಿ ಹಾಗಿರಲಿ, ಕಲ್ಲುಗುಂಡೂ ಎದ್ದು ಕೂರುತ್ತದೆ ಎಂದು ಅಂದರಂತೆ. ಅದಕ್ಕೇ ಐದನೇ ಕ್ಲಾಸಿನ ಕೈಬರಹ ಮತ್ತೆ ಹೊರಗೆ ತೆಗೆದಿದ್ದೇನೆ. ಸಂತ್ಯಾಗೊ ಮಿನಿಬಸ್ಸಿನ ಡ್ರೈವರ್ ಪುರೋ ಇದನ್ನು ತಂದುಕೊಡುತ್ತಾನೆ, ಜೊತೆಗೆ ತೆಂಗಿನಕಾಯಿ ಮಿಠಾಯಿಯ ಡಬ್ಬ. ಡಬ್ಬ ಹಗುರವಾಗಿದ್ದರೆ ಮೊದಲು ಅವನ ಮೀಸೆ ನೋಡು. ಸ್ತಾರ್ಲಿನ್ ಕೆಲಸದಿಂದ ಬಂದು ದಿನವೂ ನಿನ್ನ ಕಾಲು ಒತ್ತುತ್ತಾನೆ ಎಂದು ಗೊತ್ತಾಯಿತು. ಒಳ್ಳೆಯ ಗಂಡ. ಎದುರಿಗೆ ಮಾತ್ರ ಹೊಗಳಬೇಡ, ನಿಲ್ಲಿಸಿಬಿಡುತ್ತಾನೆ.

ನಿನ್ನ ಅಂಗಡಿ ನಡೆಯುತ್ತಿದೆ, ನಾನು ತೆವಳುತ್ತಿದ್ದೇನೆ. ಒಂದು ಟೀವಿ, ಒಂದು ಆಟದ ಯಂತ್ರ, ನಾಲ್ಕು ಪ್ಲಾಸ್ಟಿಕ್ ಕುರ್ಚಿ. ಇದನ್ನು ನೋಡಿಕೊಳ್ಳುವುದರಲ್ಲಿ ಏನು ಶ್ರಮ ಎಂದು ಬರುವ ಮೊದಲು ನಾನೂ ಅಂದುಕೊಂಡಿದ್ದೆ. ಭತ್ತದ ಗದ್ದೆಯಲ್ಲಿ ಬಗ್ಗಿ ಕೊಯ್ದಾಗಲೂ ನನ್ನ ಸೊಂಟ ಹೀಗೆ ಹಿಡಿದುಕೊಂಡಿರಲಿಲ್ಲ. ನಿನ್ನ ಗಿರಾಕಿಗಳು ಯಾರೂ ಕೂತು ಆಡುವವರಲ್ಲವಲ್ಲ. ಬಾಡಿಗೆ ಬೈಕು ಓಡಿಸುವ ಬೋಲೊ ಬೇಸ್‌ಬಾಲ್ ಹಾಕಿಕೊಂಡು ಇನ್ನೇನು ಬ್ಯಾಟು ಬೀಸಬೇಕು, ಅಷ್ಟರಲ್ಲಿ ಹೊರಗೆ ಯಾರೋ ಅಜ್ಜಿ ಕಂಕುಳಲ್ಲಿ ಕೋಳಿ ಇಟ್ಟುಕೊಂಡು, “ಏನಪ್ಪಾ, ಮಾರ್ಕೆಟ್ ಹತ್ರ ಬಿಡ್ತೀಯೋ ಇಲ್ಲಾ ಇಲ್ಲೇ ಬೇರು ಬಿಡ್ತೀಯೋ?” ಅನ್ನುತ್ತಾಳೆ. ಕಂಟ್ರೋಲರು ಬಂದು ನನ್ನ ಮಡಿಲಿಗೆ ಬೀಳುತ್ತದೆ. “ಮಾವಾ, ಮಲಗ್ಸು! ಹೀಗ್ ಹೋಗಿ ಹಾಗ್ ಬಂದೆ!” ಅವನ ಆಟವನ್ನು ಇದ್ದಲ್ಲೇ ನಿಲ್ಲಿಸಿ ಮಲಗಿಸಿ ಸರದಿಯಲ್ಲಿ ಕಾದವನ ಕಾರು ಓಟ ಎಬ್ಬಿಸುವ ಹೊತ್ತಿಗೆ ಅವನಿಗೂ ಬಾಡಿಗೆ ಬರುತ್ತದೆ. ಎದುರಿನ ಕ್ಷೌರದ ದಿಯೋಹೆನೆಸ್ ಅಂತೂ ಗಿರಾಕಿಯ ಒಂದು ಕೆನ್ನೆ ಬೋಳಿಸಿ, ಇನ್ನೊಂದಕ್ಕೆ ನೊರೆ ಬಳಿದು, ಅದು ನೆನೆಯುವಷ್ಟರಲ್ಲಿ ಒಂದು ಗೋಲು ಹೊಡೆದು ಬರುತ್ತೇನೆಂದು ಓಡಿಬರುತ್ತಾನೆ. ಅವನದು ಮಲಗಿಸು, ಇವನದು ಎಬ್ಬಿಸು. ಮೀಸೆ ಬಂದ ಗಂಡಸರಿಗೆ ಆಯಾ ಆಗಿದ್ದೇನೆ, ಮಗಳೇ. ಮುಖ ತೊಳೆಯುವುದೊಂದು ಬಾಕಿ.

ಯಂತ್ರದ ಬಗ್ಗೆ ಮಾತ್ರ ಒಂದು ಕೆಟ್ಟ ಮಾತು ಹೇಳಲಾರೆ. ಎತ್ತಿದ ಬ್ಯಾಟು ಎತ್ತಿದ ಹಾಗೇ, ಗಾಳಿಯಲ್ಲಿದ್ದ ಚೆಂಡು ಗಾಳಿಯಲ್ಲೇ ನಿಂತು ಕಾಯುತ್ತದೆ. ದಿನಕ್ಕೆರಡು ಸಲ ಕರೆಂಟು ಹೋದರೂ ಮಲಗಿದ ಆಟಕ್ಕೆ ಏನೂ ಆಗುವುದಿಲ್ಲ. ನೀನಿದ್ದಾಗ ಇಲ್ಲಿ ಗಿರಾಕಿಗಳು ಆಡುತ್ತಿದ್ದದ್ದು ಮೂರೇ ಆಟ. ನಾನು ಬಂದವನು ಸುಮ್ಮನಿರದೆ, ನಮ್ಮ ಸೊಸೆಯ ಅಂಗಡಿ ಇಡೀ ಪ್ರಾಂತ್ಯದಲ್ಲೇ ದೊಡ್ಡದಾಗಲಿ ಎಂದು ಕುಸ್ತಿ, ಬೇಟೆ, ಕುದುರೆ ಎಂದು ಹೊಸ ಆಟಗಳನ್ನು ಸೇರಿಸಿದೆ. ಒಂದು ಬೆಳಗ್ಗೆ ದಿಯೋಹೆನೆಸ್ ಬಂದು, ನೀನಿಲ್ಲಿದ್ದಾಗಲೇ ಮಲಗಿಸಿಟ್ಟಿದ್ದ ತನ್ನ ಫೈನಲ್ ಪಂದ್ಯ ಎಬ್ಬಿಸಿದರೆ ಅದು ಏಳಲಿಲ್ಲ. ಮೊದಲಿನಿಂದ ಶುರುವಾಯಿತು. “ಎಲಿಹಿಯೊ ಮಾವ, ನನ್ನ ಮೂರು ಗೋಲು ಎಲ್ಲಿ? ನೊರೆ ಒಣಗಿಸ್ಕೊಂಡು ಗಿರಾಕಿ ಅಲ್ಲಿ ಬೈತಾ ಇದ್ದಾನೆ, ಅವನಿಗೆ ಏನ್ ಹೇಳ್ಲಿ, ಗೋಲು ಕಳ್ಳತನ ಆಯ್ತು ಅನ್ಲಾ?” ಎಂದು ಕೂಗಾಡಿದ. ಆಮೇಲೆ ತಿಳಿಯಿತು. ಈ ಯಂತ್ರದ ಹೊಟ್ಟೆಯಲ್ಲಿ ಮಲಗಲು ನಾಲ್ಕೋ ಐದೋ ಆಟಕ್ಕಷ್ಟೇ ಜಾಗ. ಹೊಸದೊಂದು ಬಂದು ಮಲಗಿದರೆ, ಎಲ್ಲಕ್ಕಿಂತ ಹೆಚ್ಚು ದಿನದಿಂದ ಯಾರೂ ಎಬ್ಬಿಸದೆ ಬಿದ್ದಿರುವ ಆಟ ಮಂಚದಿಂದ ಕೆಳಗೆ ಬೀಳುತ್ತದೆ.

ಆ ಮಾತು ಕಿವಿಗೆ ಬಿದ್ದಾಗ ದಿಯೋಹೆನೆಸನ ಗೋಲು ನನ್ನ ತಲೆಯಲ್ಲಿರಲಿಲ್ಲ. ನಿನ್ನ ಹಡಗಿತ್ತು.

ಆ ಜುಲೈ ತಿಂಗಳ ದಿನ ನನ್ನ ಕಣ್ಣಿನಿಂದ ಹೋಗುವುದಿಲ್ಲ. ಆಟದ ಬಿರುಗಾಳಿಯಲ್ಲಿ ಹಡಗು ನಡೆಸುತ್ತ ಕೂತಿದ್ದವಳು ಹೊಟ್ಟೆ ಹಿಡಿದುಕೊಂಡು ಕುಸಿದೆ. ಸ್ತಾರ್ಲಿನ್ ಮತ್ತು ಬೋಲೊ ನಿನ್ನನ್ನು ಕುರ್ಚಿಯ ಸಮೇತ ಎತ್ತಿ ಆಂಬುಲೆನ್ಸಿಗೆ ಸಾಗಿಸುವಾಗ ನನ್ನ ಅಂಗಿ ಹಿಡಿದು ಹೇಳಿದೆ: “ಮಾವ, ನನ್ನ ಹಡಗನ್ನ ಮಲಗಿಸು. ಬಂದರು ಸೇರದೆ ಬಿಟ್ರೆ ಮುಳುಗಿದ ಲೆಕ್ಕ, ಆಡಿದ್ದೆಲ್ಲ ಹೋಗುತ್ತೆ.” ಆಮೇಲೆ ಕಣ್ಣು ಮುಚ್ಚಿಕೊಂಡು ಅಲ್ತಗ್ರಾಸಿಯಾ ಮಾತೆಗೆ ಹರಕೆ ಹೊತ್ತೆ. ಹಡಗು ನಿಂತಲ್ಲಿ ನಿಂತಿರುವಷ್ಟು ದಿನ ಮಗುವನ್ನೂ ಒಳಗೇ ನಿಲ್ಲಿಸು ತಾಯೇ ಎಂದೆ. ಹಾಗೆಲ್ಲ ಒಂದಕ್ಕೊಂದನ್ನು ಗಂಟು ಹಾಕಬಾರದು ಎಂದು ಹೇಳಬೇಕೆನಿಸಿತು. ಆದರೆ ಎರಡು ಸಲ ಆಸ್ಪತ್ರೆಯಿಂದ ಬರಿಗೈಯಲ್ಲಿ ಮನೆಗೆ ಬಂದವಳಿಗೆ ಯಾವ ಬಾಯಿಂದ ಹೇಳಲಿ? ಮಲಗಿಸಿದೆ. ಅವತ್ತಿನಿಂದ ನನ್ನ ಪಾಲಿಗೆ ಆ ಯಂತ್ರದೊಳಗೆ ಹಡಗಲ್ಲ, ನಿನ್ನ ಕೂಸೇ ಮಲಗಿತ್ತು.

ಹಾಗಾಗಿ ದಿನವೂ ಬೆಳಗ್ಗೆ, ಯಾರೂ ಬರುವ ಮೊದಲು, ಹಡಗನ್ನು ಒಂದು ಉಸಿರಿನಷ್ಟು ಹೊತ್ತು ಎಬ್ಬಿಸಿ ಮತ್ತೆ ಮಲಗಿಸುವ ಕೆಲಸ ಹಿಡಿದೆ. ಎಬ್ಬಿಸಿದರೆ ಅದು ಹೊಸದಾಗಿ ಮಲಗಿದ ಹಾಗೆ, ಕೆಳಗೆ ಬೀಳುವುದಿಲ್ಲ. ಆದರೆ ಮಗಳೇ, ನೀನು ಆಡುವ ಆಟವೂ ನಿನ್ನ ಹಾಗೇ ಹಟದ್ದು. ಅದರಲ್ಲಿ ಗಾಳಿ ನಿಲ್ಲಿಸುವ ಗುಂಡಿಯೇ ಇಲ್ಲ. ಕಣ್ಣು ಬಿಟ್ಟೊಡನೆ ಹಡಗು ಒಂದು ಅಲೆ ಮುಂದೆ ಹೋಗುತ್ತದೆ. ಹೀಗೆ ಹೋಗಿ ಹೋಗಿ, ಮೊದಲು ದೂರದಲ್ಲಿ ಹಲ್ಲಿನಷ್ಟು ಕಾಣುತ್ತಿದ್ದ ಕಪ್ಪು ಬಂಡೆ ಆಗಸ್ಟ್ ಮುಗಿಯುವ ಹೊತ್ತಿಗೆ ಟೀವಿಯ ಅರ್ಧ ತುಂಬಿತು. ಎಬ್ಬಿಸಿದರೆ ಬಂಡೆ, ಎಬ್ಬಿಸದಿದ್ದರೆ ಮಂಚದಿಂದ ಕೆಳಗೆ. ಕಾಫಿ ಕುಡಿಯುತ್ತ ಟೀವಿಯ ಮುಂದೆ ಕೂತು ಅತ್ತಿದ್ದೇನೆ. ಸ್ವಲ್ಪವೇ, ಕಾಫಿ ಆರುವಷ್ಟು.

ಸ್ಟ್ಯಾಂಡಿನವರಿಗೆ ಕೊನೆಗೆ ವಿಷಯ ಹೇಳಿಬಿಟ್ಟೆ. ಹರಕೆಯ ಸಂಗತಿ ಕೇಳಿದ ಮೇಲೆ ಯಾರೂ ನಗಲಿಲ್ಲ. ಬೋಲೊ ಹೆಲ್ಮೆಟ್ ತೆಗೆದು ಮೊಣಕಾಲ ಮೇಲಿಟ್ಟುಕೊಂಡು, “ಸರಿ, ಯಾನೀರಿಸ್ ಹೆರೋವರೆಗೂ ಇಲ್ಲಿ ಹೊಸ ಆಟ ಇಲ್ಲ. ಬೇಸ್‌ಬಾಲು, ಕಾರು, ಫುಟ್‌ಬಾಲು, ಅಷ್ಟೇ. ಬೇರೆದಕ್ಕೆ ಕೈ ಹಾಕ್ದೋರ ಬೈಕಿನ ಗಾಳಿ ನಾನೇ ತೆಗೀತೀನಿ” ಅಂದ. “ನಂಗೆ ಬೈಕೇ ಇಲ್ವಲ್ಲಾ” ಅಂದ ದಿಯೋಹೆನೆಸ್. “ನಿನ್ನ ಕತ್ತರಿ ಮೊಂಡು ಮಾಡ್ತೀನಿ.” ಹಾಗೆ ಮೂರು ಆಟದ ಜೊತೆ ಹಡಗಿಗೂ ಜಾಗ ಉಳಿದು, ಅದನ್ನು ಎಬ್ಬಿಸುವ ಅಗತ್ಯ ತಪ್ಪಿತು. ಊರಿಗೆ ಬಂದ ನೆಂಟರ ಹುಡುಗರು ಕುಸ್ತಿ ಆಟ ಕೇಳಿದರೆ ಬೋಲೊ ಅವರನ್ನು ಪುಕ್ಕಟೆ ಬೈಕಿನಲ್ಲಿ ಸಮುದ್ರದ ದಂಡೆಗೆ ಬಿಟ್ಟುಬಂದ. ಕುದುರೆ ಆಟ ಇಷ್ಟಪಡುತ್ತಿದ್ದವರು ಬರುವುದನ್ನೇ ನಿಲ್ಲಿಸಿದರು. ಇದ್ದವರು ಅದೇ ಮೂರು ಆಟ ಆಡಿ ಆಡಿ ಹೈರಾಣಾದರು. ಬರಬರುತ್ತ ಗೆದ್ದಾಗಲೂ ಯಾರೂ ಕೂಗುತ್ತಿರಲಿಲ್ಲ. ಕಾಯುವುದು ನಮಗೆ ಬರುವುದಿಲ್ಲ ಮಗಳೇ, ಮಲಗಿ ಕಾಯುವ ನಿನಗೆ ನಾನು ಇದನ್ನು ಹೇಳುವುದೇ ನಾಚಿಕೆ.

ಸೆಪ್ಟೆಂಬರ್ ಕೊನೆಗೆ, ಸಾನ್ ಮಿಗೆಲ್ ಹಬ್ಬದ ಬೆಳಗ್ಗೆ ಬೀದಿಯಲ್ಲಿ ಡೋಲು ಶುರುವಾಗಿತ್ತು. ಎಲ್ಲರೂ ಹಸಿರು ಕೆಂಪು ಬಟ್ಟೆ ಹಾಕಿಕೊಂಡು ಅಂಗಡಿಯಲ್ಲಿ ಸೇರಿದ್ದರು. ನನಗೆ ಸಾಕಾಗಿ ಹೋಗಿತ್ತು. ಬಂಡೆಯ ಹಿಂದೆ ಬಂದರಿನ ದೀಪ ಕಾಣುತ್ತಿದೆಯಲ್ಲ, ದಾಟಿಸಿ ಲಂಗರು ಹಾಕಿಬಿಟ್ಟರೆ ಹಡಗು ಶಾಶ್ವತವಾಗಿ ಉಳಿಯುತ್ತದೆ, ಇವರಿಗೂ ಬಿಡುಗಡೆ, ನನಗೂ ನಿದ್ದೆ ಎಂದು ಯೋಚಿಸಿದೆ. “ಮಾವ, ಬೇಡ. ನೀನು ಬೈಕೇ ಸರಿಯಾಗಿ ತಿರುಗ್ಸಲ್ಲ” ಅಂದ ಬೋಲೊ. ನಾನು ಅಂಥ ಮಾತಿಗೆ ಬಗ್ಗುವವನೇ? ಕುರ್ಚಿ ಎಳೆದುಕೊಂಡು ಕೂತೆ. ಹಡಗು ಎದ್ದಿತು. ಗಾಳಿ ಹೊಡೆಯಿತು. ನಾನು ಚುಕ್ಕಾಣಿ ತಿರುಗಿಸಿದ ಠೀವಿ ನೋಡಿ ಇಡೀ ಅಂಗಡಿ ಎದ್ದು ನಿಂತಿತು. ಬಂಡೆಯ ಪಕ್ಕದಿಂದ ಹಡಗು ದಾಟಿತು. ಹಲಗೆಗೆ ಒಂದಿಷ್ಟು ಗೀರು ಬಿತ್ತು, ಒಂದು ಹಾಯಿ ಹರಿಯಿತು, ನಷ್ಟ ಅಷ್ಟೇ. ಅದನ್ನೆಲ್ಲ ನೀನು ಬಂದ ಮೇಲೆ ಸರಿಮಾಡಿಕೊಳ್ಳಬಹುದು.

ದೋನ್ಯಾ ಮೆರ್ಸಿಯಾಗೆ ನನ್ನ ನಮಸ್ಕಾರ. ಉಪ್ಪಿನ ಡಬ್ಬ ಎಲ್ಲಿಟ್ಟಿದ್ದಾರೆಂದು ಮರೆತಿದ್ದರೆ ನೆನಪಿಸು. ಸ್ತಾರ್ಲಿನ್‌ಗೆ ಬೆನ್ನು ತಟ್ಟಿದೆನೆಂದು ಹೇಳು. ಅಲ್ತಗ್ರಾಸಿಯಾ ಮಾತೆ ನಿನ್ನ ತಲೆದಿಂಬಿನ ಪಕ್ಕ ಕುರ್ಚಿ ಹಾಕಿಕೊಂಡು ಕೂತಿರಲಿ, ನಿನ್ನನ್ನು ಬಿಟ್ಟು ಒಂದು ಲೋಟ ನೀರಿಗೂ ಏಳದಿರಲಿ.

ನಿನ್ನ ಸೋದರಮಾವ,
ಎಲಿಹಿಯೊ

ತಾ.ಕ. ಪುರೋ ಹಾರ್ನು ಹೊಡೆಯುತ್ತಿದ್ದಾನೆ, ಅಕ್ಷರ ಸೊಟ್ಟಗಾದರೆ ಬೈಯಬೇಡ. ಬೋಲೊ ನನ್ನ ಹೆಗಲ ಮೇಲಿಂದ ಬಗ್ಗಿ ಇದನ್ನೆಲ್ಲ ಓದಿದ. “ಗೀರಂತೆ! ಅವಳು ಬಂದು ಟೀವಿ ಹಾಕಿದ್ರೆ ಏನ್ ತೋರಿಸ್ತೀಯ ಮಾವ, ನಿನ್ನ ಮುಖಾನಾ? ನಿಜ ಬರಿ. ಇಲ್ಲಾಂದ್ರೆ ಪುರೋನ ಬಸ್ಸಲ್ಲಿ ನಾನೇ ಹೋಗಿ ಹೇಳ್ತೀನಿ” ಅಂದ. ಬರೆಯುತ್ತೇನೆ. ಹಡಗು ಬಂಡೆ ದಾಟಲಿಲ್ಲ. ಎಡಕ್ಕೆ ತಿರುಗಿಸಬೇಕಾದಲ್ಲಿ ಬಲಕ್ಕೆ ತಿರುಗಿಸಿದೆ. ಹೆದರಿ ಮಲಗಿಸುವ ಗುಂಡಿ ಒತ್ತುವಷ್ಟರಲ್ಲಿ ಟೀವಿಯ ತುಂಬ ನೀರೇ ಇತ್ತು. ಅವತ್ತು ನಿನ್ನ ತಪಾಸಣೆಯ ಸುದ್ದಿಗಾಗಿ ಸಂಜೆಯವರೆಗೂ ನಿನ್ನ ಅಮ್ಮನ ಮನೆಯಲ್ಲಿ ಫೋನಿನ ಮುಂದೆ ಕೂತಿದ್ದೆ. ರಿಂಗಾದಾಗ ನನಗೆ ಎತ್ತುವ ಧೈರ್ಯವಾಗಲಿಲ್ಲ. ಅವಳು ಎತ್ತಿದಳು. ಮಗುವಿನ ಎದೆಬಡಿತ ಚೆನ್ನಾಗಿ ಕೇಳಿಸಿತಂತೆ ಎಂದಳು. ಮುಂದಿನ ವಾರವೂ ಕೇಳಿಸಿತು. ನಿನ್ನೆ ನಿನ್ನ ವೈದ್ಯೆ, ಎಂಟು ತಿಂಗಳು ದಾಟಿತು, ಇನ್ನು ಯಾವಾಗ ಬಂದರೂ ಬರಲಿ, ಭಯವಿಲ್ಲ ಅಂದರಂತೆ. ಅದು ಗೊತ್ತಾದ ಮೇಲೆಯೇ ಇವತ್ತು ಪೆನ್ನು ಹಿಡಿದದ್ದು. ಯಾನೀರಿಸ್, ಸಾನ್ ಮಿಗೆಲ್ ಹಬ್ಬದಿಂದ ಈಚೆಗೆ ಈ ಯಂತ್ರದೊಳಗೆ ನಿನ್ನದು ಏನೂ ಮಲಗಿಲ್ಲ. ಆದರೂ ಕೂಸು ಇದೆ. ಅದನ್ನು ಇಷ್ಟು ದಿನ ಹಿಡಿದು ನಿಲ್ಲಿಸಿದ್ದು ಹಡಗಲ್ಲ, ನಾನಂತೂ ಅಲ್ಲವೇ ಅಲ್ಲ, ನೀನು. ಹರಕೆಯ ಗಂಟು ಬಿಚ್ಚಿಬಿಡು, ಹೆದರಬೇಡ. ಬೈಯುವುದಿದ್ದರೆ ಬಾಣಂತನ ಮುಗಿಸಿಕೊಂಡು ಬಂದು ಎದುರಿಗೇ ಬೈಯಿ, ಬಾಗಿಲು ತೆರೆದೇ ಇರುತ್ತದೆ. ಗೀರು, ಹಾಯಿ ಎಂದು ಮೇಲೆ ಬರೆದದ್ದನ್ನು ಹೊಡೆದುಹಾಕು. ನಾನು ನಿಜವಾಗಿ ಕಳೆದದ್ದು ಇಡೀ ಹಡಗು, ನೀನೇ ಹೆಸರಿಟ್ಟ ಅದರ ಹನ್ನೊಂದು ನಾವಿಕರು, ಸುತ್ತಿ ಬಂದ ದ್ವೀಪಗಳಷ್ಟೂ. ಒಟ್ಟು ಸೇರಿಸಿದರೆ ನೀನು ಆಡಿದ ಎರಡು ವರ್ಷ.