ಕುರಿ ಒಲಿಸೂ ಹಾಡಿನ ಮೂರನೇ ಸೊಲ್ಲು

ಖಾನಾಪುರ
18 ಜನವರಿ 2025

ತಂಗಿ ಪ್ರಮಿಳಾಗ ಅಕ್ಕ ಮಾಯಕ್ಕನ ಪ್ರೀತಿ.

ದೀಪಾವಳಿಗೆ ನೀ ಕಳಿಸಿದ ಸೀರಿ ಮುಟ್ಟೇತಿ. ಇಷ್ಟ ತಡ ಮಾಡಿ ಹೇಳಾಕತ್ತೀನಿ, ಸಿಟ್ಟಾಗಬ್ಯಾಡ. ಫೋನಿನ್ಯಾಗ ನನಗ ಮನಸಿನ ಮಾತು ಬರೂದಿಲ್ಲ. ಅದಕ್ಕ ನಾಕನೇ ಇಯತ್ತೆತನಕ ಸಾಲ್ಯಾಗ ಕಲತ ಅಕ್ಷರದಾಗ ಬರಿಯಾಕತ್ತೀನಿ.

ಹೋದ ವಾರ ನಮ್ಮ ಕರಿ ಕುರಿ ಚೊಚ್ಚಲ ಈದಿತು. ಮರಿ ಹತ್ತರ ಬಂದ್ರ ಒದೀತಿತ್ತು. ಎರಡು ದಿನ ಆತು, ಮರಿ ನಿಲ್ಲಾಕೂ ಆಗದಂಗ ಸೊರಗಿತು. ನಮ್ಮ ಮನಿಯವರು, "ಇದು ಉಳಿಯೂದಿಲ್ಲ, ಬಿಡು" ಅಂದ್ರು. ನನಗ ಮನಸ್ಸಾಗಲಿಲ್ಲ. ಕುರಿ ಬಾಜು ಕುಂತು, ಬೆನ್ನಮ್ಯಾಲ ಕೈ ಇಟ್ಟು, ಮರಿ ಒಲ್ಲದ ಕುರೀನ ಒಲಿಸಾಕ ಅವ್ವ ಹಾಡತಿದ್ದ ಹಾಡು ಎತ್ತಿದೆ.

*ತಿರುಗಿ ನೋಡ ಕರಿಯವ್ವ, ನಿನ ಕರುಳು*
*ನಿಂತೈತಿ ನೆಲದ ಮ್ಯಾಲ.*

ನಮ್ಮ ಓಣಿಯ ನಿಖಿತಾ, ಬಿ.ಎ. ಓದೂ ಹುಡುಗಿ, ಮುದುಕ್ಯಾರ ಹಾಡು ಮೊಬೈಲಿನ್ಯಾಗ ಹಿಡಿದಿಡತಾಳ. ಅಕಿನೂ ಇದ್ಲು. ಎರಡು ಸೊಲ್ಲು ಹಾಡಿದೆ, ಮೂರನೇದು ಬರಲಿಲ್ಲ. ಬರೇ ಧಾಟಿ ಹಿಡದು ಗುನುಗಿದೆ. ಭಾಳ ಹೊತ್ತಿನ ಮ್ಯಾಲ ಕುರಿ ತಿರುಗಿ ಮರೀನ ಮೂಸಿತು, ಆಮ್ಯಾಲ ನೆಕ್ಕಿತು. ಮರಿ ಕೆಚ್ಚಲಕ್ಕ ಬಾಯಿ ಹಚ್ಚಿದಾಗ ನಮ್ಮ ಮನಿಯವರು ಎದ್ದು ಹೊರಗ ಹೋದ್ರು.

"ಅಜ್ಜಿ, ಮುಂದಿಂದು?" ಅಂದ್ಲು ನಿಖಿತಾ.

"ಅದು ನನ್ನ ತಂಗಿ ಹತ್ತರ ಐತಿ" ಅಂದೆ.

ಹೋದ ವರ್ಷ ಕೇಳಿದಾಗ "ಮರತೀನಕ್ಕ" ಅಂದಿ. ಈಗ ಇಡೀ ಹಾಡು ಬಲ್ಲಾಕಿ ನೀ ಒಬ್ಬಾಕಿನ. ಬರೂ ತಿಂಗಳ ಮೊದಲನೇ ಐತವಾರ ನಿಖಿತಾ ಜೋಡಿ ಇನ್ನೂ ಆರು ಮಂದಿ ಹುಡುಗ್ಯಾರು ಕಲಿಯಾಕ ಬರತಾರ. ನೀ ಇರೂ ರಾಮತೀರ್ಥ ನಗರದಿಂದ ಇಲ್ಲಿಗೆ ಎಷ್ಟು ದೂರ ಐತಿ? ನಿನ್ನ ಮೊಮ್ಮಗಳು ಸಾಕ್ಷಿನ್ನೂ ಕರಕೊಂಡು ಬಾ. ಅಕಿ ಅಜ್ಜಿ ಹಾಡು ಕೇಳಲಿ.

ನಿನ್ನ ಮನಿ ತಂಪಾಗಿರಲಿ, ಸಾಕ್ಷಿ ಚಂದಂಗ ಓದಲಿ.

ನಿನ್ನ ಅಕ್ಕ,
ಮಾಯಕ್ಕ

ತಾ.ಕ.: ನೀ ಮರತಿಲ್ಲಂತ ನನಗ ಗೊತ್ತೈತಿ. ನಿನ್ನ ಮದುವಿ ಹಂದರದಾಗ ಅವ್ವ ಇದ ಹಾಡು ಹಾಡಂದ್ಲು, ನೀ ಎತ್ತಿದಿ. "ಶಹರದ ಬೀಗರ ಮುಂದ ಕುರಿಯವರ ಹಾಡು ಬ್ಯಾಡ" ಅಂತ ನಿನ್ನ ಬಾಯಿಗೆ ಕೈ ಅಡ್ಡ ಹಿಡದಾಕಿ ನಾನು. ಅವತ್ತಿಂದ ನೀ ಹಾಡಿದ್ದ ನಾ ಕೇಳಿಲ್ಲ. ಬೀಗರು ಯಾರೂ ನಕ್ಕಿರಲಿಲ್ಲ, ಪ್ರಮಿಳಾ. ನಾಚಿಕಿ ಆಗಿದ್ದು ನನಗೊಬ್ಬಾಕಿಗೇ.