ಹೆಸರಿನ ನಾಲ್ಕು ಸೆಕೆಂಡು

ಹುಬ್ಬಳ್ಳಿ, ೨೨೧೪ನೇ ಇಸವಿ, ಹದಿಮೂರನೆಯ ತಿಂಗಳ ಐದನೇ ದಿನ

ಮಾನ್ಯ ವನಮಾಲಾ ಅವರಿಗೆ,

ನೀಲಗಂಗಾ ಮುದೇನೂರ ಮಾಡುವ ನಮಸ್ಕಾರಗಳು. ತಾರೀಖು ನೋಡಿ ಗಾಬರಿಯಾಗಬೇಡಿ. ನಮಗೆ ಪ್ರತಿ ವರ್ಷವೂ ಅಧಿಕ ಮಾಸ. ನಿಮ್ಮ ಕಾಲದ ಕನ್ನಡವನ್ನು ಸಿನಿಮಾ ನೋಡಿ ಕಲಿತವಳು ನಾನು, ತಪ್ಪಿದ್ದರೆ ಹೊಟ್ಟೆಗೆ ಹಾಕಿಕೊಳ್ಳಿ. ನಿಮ್ಮ ಅಡ್ಡಹೆಸರು ಬರೆದಿಲ್ಲ, ಏಕೆಂದರೆ ನನಗದು ಗೊತ್ತಿಲ್ಲ. ಈ ಪತ್ರ ಬರೆಯುತ್ತಿರುವುದೇ ಅದಕ್ಕಾಗಿ.

ಹಳೆಯ ಸಿನಿಮಾಗಳನ್ನು ಕಾಯ್ದಿಡುವ ನೋಟಮನೆಯಲ್ಲಿ ಮೂವತ್ತು ವರ್ಷದಿಂದ ನನ್ನ ಕೆಲಸ. ಈಗ ಯಾರೂ ಸಿನಿಮಾ ಮಾಡುವುದಿಲ್ಲ. ಕಣ್ಣಂಚಿಗೆ ಅಂಟಿಸಿಕೊಳ್ಳುವ ಒಳತೆರೆ ನಾವು ಬಯಸಿದ್ದನ್ನು ತೋರಿಸುತ್ತದೆ, ಬೇಸರ ಬರುವ ಮೊದಲೇ ಬದಲಾಗುತ್ತದೆ. ಹಾಗಾಗಿ ನಮ್ಮ ಮಕ್ಕಳಿಗೆ ಕಾಯುವುದೇ ಗೊತ್ತಿಲ್ಲ. ನೀವು ಸಂಕಲನ ಮಾಡಿದ ಒಂಬತ್ತು ಚಿತ್ರಗಳಲ್ಲಿ ಜನ ಕಾಯುತ್ತಾರೆ: ಹಾಲು ಉಕ್ಕುವುದಕ್ಕೆ, ಕರೆಂಟು ಬರುವುದಕ್ಕೆ, ಮಾತು ಬಿಟ್ಟ ತಂಗಿ ತಿರುಗಿ ನೋಡುವುದಕ್ಕೆ. ಮಾತು ಮುಗಿದೊಡನೆ ನೀವು ಕತ್ತರಿ ಹಾಕುವುದಿಲ್ಲ. ಮಾತಾಡಿದವರು ಉಗುಳು ನುಂಗುವ ತನಕ ಬಿಡುತ್ತೀರಿ. ಆ ಕೈಗುಣದಿಂದಲೇ ಒಂಬತ್ತೂ ನಿಮ್ಮವೆಂದು ಗುರುತಿಸಿದೆ. ನಾನು ಕಾಣದ ಆ ಕಾಲ ನೆನೆದರೆ ನನಗೆ ಸಂಕಟವಾಗುತ್ತದೆ.

ಒಂದರಲ್ಲೂ ನಿಮ್ಮ ಹೆಸರಿಲ್ಲ. ಚಹಾ ತಂದವರ ಹೆಸರಿದೆ, ಟ್ರ್ಯಾಕ್ಟರ್ ಕೊಟ್ಟವರ ಹೆಸರಿದೆ. ಎಲೆಮರೆಯ ಕಾಯಿ ಅನ್ನುತ್ತಾರಲ್ಲ, ನೀವು ಎಲೆಯ ಗುರುತನ್ನೂ ಉಳಿಸಲಿಲ್ಲ. ಕಾರಣ ಕಳೆದ ತಿಂಗಳು ತಿಳಿಯಿತು. ಆರನೇ ಚಿತ್ರದ ಡಿಸ್ಕಿನಲ್ಲಿ ನೀವೂ ನಿರ್ದೇಶಕರೂ ಆಡಿದ ಮಾತಿನ ರೆಕಾರ್ಡಿಂಗನ್ನು ಯಾರೋ ಮರೆತು ಬಿಟ್ಟಿದ್ದರು. ಚಿತ್ರೋತ್ಸವದವರು ತೊಂಬತ್ತು ನಿಮಿಷದ ಮೇಲೆ ಒಪ್ಪುವುದಿಲ್ಲ. ಚಿತ್ರ ನಾಲ್ಕು ಸೆಕೆಂಡು ಹೆಚ್ಚಾಗಿದೆ. "ಆ ಮುದುಕಿ ಶಾಟ್ ತಗದ್ ಬಿಡ್ರಿ, ವನಮಾಲಾ ಮೇಡಂ" ಎನ್ನುತ್ತಾರೆ ನಿರ್ದೇಶಕರು. ನೀವು ಹೇಳುತ್ತೀರಿ: "ಆಕಿ ಇರ್ಲಿ ಬಿಡ್ರಿ. ನನ್ನ ಹೆಸರು ತಗೀತೀನಿ. ಅದನ್ನ ಯಾರ್ ನೋಡ್ತಾರ?" ಅವರು ಗೊಣಗುತ್ತಾರೆ: "ಪ್ರತಿ ಸಲಾನೂ ಹಿಂಗ ಮಾಡ್ತೀರಿ."

ಆ ಮುದುಕಿ ಬಸ್ಸು ತಪ್ಪಿದ ಮೇಲೆ ಗಂಟು ಕೆಳಗಿಟ್ಟು ತನ್ನಷ್ಟಕ್ಕೆ ತಾನೇ ನಗುತ್ತಾಳೆ. ನಾನು ಸಾವಿರ ಸಲವಾದರೂ ನೋಡಿದ್ದೇನೆ.

ಆದರೆ ನಮ್ಮ ಹೊಸ ಕಾಯ್ದೆ ಬೇರೆ ಮಾತಾಡುತ್ತದೆ. ಸಂಕಲನಕಾರರ ಪೂರ್ಣ ಹೆಸರು ಚಿತ್ರದೊಳಗೇ ಇಲ್ಲದಿದ್ದರೆ ಅದನ್ನು ಯಂತ್ರ ಹೆಣೆದದ್ದೆಂದು ತಿಳಿದು ಅಳಿಸುತ್ತಾರೆ. ನಿಮ್ಮ ಐದು ಚಿತ್ರ ಆಗಲೇ ಹೋದವು. ನಾನು ಅಧಿಕಾರಿಗಳಿಗೆ ಆ ರೆಕಾರ್ಡಿಂಗ್ ಕೇಳಿಸಿದೆ, ಬರೀ ವನಮಾಲಾ ಅಂದರೆ ಯಾರು ಎಂದು ಕೇಳಿದರು. ಆರನೆಯದರ ಸರದಿ ನಾಡಿದ್ದು.

ಹಿಂದಿನ ಕಾಲಕ್ಕೆ ಕಳಿಸುವ ಇಂಥ ಪತ್ರಕ್ಕೆ ಹಿಂದೋಲೆ ಎನ್ನುತ್ತೇವೆ. ಜನ್ಮಕ್ಕೆ ಒಂದೇ. ತೀರಿಹೋದ ಅವ್ವನಿಗೆಂದು ಎತ್ತಿಟ್ಟಿದ್ದೆ, ನಿಮಗೆ ಬರೆದುಬಿಟ್ಟೆ. ಇದು ಮುಟ್ಟುವಾಗ ಆರನೇ ಚಿತ್ರ ಇನ್ನೂ ನಿಮ್ಮ ಕೈಯಲ್ಲೇ ಇರುತ್ತದೆ. ದಯವಿಟ್ಟು ಅದರಲ್ಲೂ ಮುಂದಿನ ಮೂರರಲ್ಲೂ ನಿಮ್ಮ ಪೂರ್ತಿ ಹೆಸರು ಹಾಕಿ. ಆ ನಾಲ್ಕು ಸೆಕೆಂಡನ್ನು ಬೇರೆಲ್ಲಿಂದಾದರೂ ತೆಗೆಯಿರಿ. ಮುದುಕಿಯನ್ನೇ ತೆಗೆಯದೆ ಗತಿಯಿಲ್ಲವೆಂದರೆ ಅವಳನ್ನೇ ತೆಗೆಯಿರಿ. ಆಮೇಲೆ ಅವಳೊಬ್ಬಳಿದ್ದಳೆಂಬುದೇ ನನಗೆ ಗೊತ್ತಿರುವುದಿಲ್ಲ. ಅದಕ್ಕೇ ಈಗ ಒಳಗೆ ಹೋಗಿ, ಅವಳನ್ನು ಇನ್ನೊಂದು ಸಲ ನೋಡಿ ಬಂದು, ಈ ಓಲೆ ಕಳಿಸುತ್ತೇನೆ.